'ಪೂರ್ ಥಿಂಗ್ಸ್' ಹಡಗಿನ ಅಜ್ಜಿ ಹನ್ನಾ ಶಿಗುಲಾ: ಇವರ ಸಿನಿಮಾ ಎಲ್ಲಿಂದ ಶುರು ಮಾಡಲಿ?

ಅರ್ಧಟಿಕೆಟ್:

ಎಲ್ಲರಿಗೂ ನಮಸ್ಕಾರ. ಮೊನ್ನೆ ರಾತ್ರಿ 'ಪೂರ್ ಥಿಂಗ್ಸ್' ನೋಡಿದೆ. 2023ರದ್ದು, ಎಮ್ಮಾ ಸ್ಟೋನ್‌ಗೆ ಆಸ್ಕರ್ ತಂದುಕೊಟ್ಟದ್ದು. ಸಿನಿಮಾ ಚೆನ್ನಾಗಿದೆಯೋ ಇಲ್ಲವೋ ಅಂತ ಆಮೇಲೆ ಜಗಳ ಆಡೋಣ. ನನ್ನ ತಲೆಯಲ್ಲಿ ಕೂತುಬಿಟ್ಟಿದ್ದು ಹಡಗಿನ ಮೇಲೆ ಬರುವ ಒಬ್ಬ ಅಜ್ಜಿ. ನಾಯಕಿ ಬೆಲ್ಲಾ ಓದುತ್ತಾ ಕೂತಿರುತ್ತಾಳೆ, ಅವಳನ್ನು ಕರೆದುಕೊಂಡು ಬಂದವನಿಗೆ ಸಿಟ್ಟು ಬಂದು ಪುಸ್ತಕ ಕಿತ್ತು ಸಮುದ್ರಕ್ಕೆ ಎಸೆಯುತ್ತಾನೆ, ಈ ಅಜ್ಜಿ ಆರಾಮಾಗಿ ಇನ್ನೊಂದು ಪುಸ್ತಕ ತೆಗೆದು ಅವಳ ಕೈಗೆ ಕೊಡುತ್ತಾರೆ. ಮುಖದಲ್ಲಿ ಸಣ್ಣ ತುಂಟತನ. ಎರಡು ಮೂರು ಸಲ ಹಿಂದಕ್ಕೆ ಓಡಿಸಿ ನೋಡಿದೆ.

ಹುಡುಕಿದಾಗ ಗೊತ್ತಾಯಿತು, ಹೆಸರು ಹನ್ನಾ ಶಿಗುಲಾ, ಜರ್ಮನಿಯವರು, 1943ರಲ್ಲಿ ಹುಟ್ಟಿದವರು. ಅಂದರೆ ಆ ಸಿನಿಮಾ ಬಂದಾಗ 80ರ ಹೊಸ್ತಿಲಲ್ಲಿದ್ದರು. ಇವರು ಮಾಡಿದ ಸಿನಿಮಾಗಳ ಪಟ್ಟಿ ನೋಡಿದರೆ ತಲೆ ತಿರುಗುತ್ತದೆ. ಫಾಸ್‌ಬಿಂಡರ್, ವೆಂಡರ್ಸ್, ಗೊಡಾರ್, ವೈದಾ, ಬೇಲಾ ತಾರ್, ಯುರೋಪಿನ ದೊಡ್ಡ ನಿರ್ದೇಶಕರೆಲ್ಲರೂ ಇದ್ದಾರೆ, ನಡುವೆ ಇದ್ದಕ್ಕಿದ್ದ ಹಾಗೆ ಹೊಡೆದಾಟದ ಸಿನಿಮಾದ ಚಕ್ ನಾರಿಸ್! ಇದೇನು ಕಥೆ?

ಎರಡು ಪ್ರಶ್ನೆ. ಒಂದು, ಎಲ್ಲಿಂದ ಶುರು ಮಾಡಲಿ? ಎರಡು, ಎಲ್ಲ ಕಡೆ 'ಫಾಸ್‌ಬಿಂಡರ್‌ನ ನಾಯಕಿ' ಅಂತಲೇ ಬರೆದಿದ್ದಾರೆ. ಅಷ್ಟೇನಾ? ಟಿವಿಯಲ್ಲೂ ಮಾಡಿದ್ದಾರಂತೆ, ಅದನ್ನು ನೋಡಬೇಕಾ ಅಥವಾ ಸುಮ್ನೆ ಬಿಟ್ಟುಬಿಡಬಹುದಾ?

ಹಳೇ ಪ್ರೊಜೆಕ್ಟರ್:

'ಮರಿಯಾ ಬ್ರೌನಳ ಮದುವೆ'ಯಿಂದ ಶುರು ಮಾಡಿ. 1979ರದ್ದು. ಎರಡನೇ ಮಾತಿಲ್ಲ.

ನಾನು ಇದನ್ನು ಮೊದಲು ನೋಡಿದ್ದು ಬೆಂಗಳೂರಿನಲ್ಲಿ, ಫಿಲ್ಮ್ ಸೊಸೈಟಿಯ ಕಾಲದಲ್ಲಿ. ಆಗ ಜರ್ಮನ್ ಸಿನಿಮಾ ಅಂದರೆ ಮ್ಯಾಕ್ಸ್ ಮುಲ್ಲರ್ ಭವನದಿಂದ 16 ಎಂಎಂ ಪ್ರಿಂಟ್ ಬರಬೇಕು, ಡಬ್ಬಿ ಹೊತ್ತು ತರಬೇಕು, ಒಂದೇ ಪ್ರೊಜೆಕ್ಟರ್ ಇದ್ದರೆ ರೀಲು ಬದಲಾಯಿಸುವಾಗ ದೀಪ ಹಾಕಬೇಕು. ಅವತ್ತು ಅರ್ಧದಲ್ಲಿ ಕರೆಂಟ್ ಹೋಯಿತು. ಮುಕ್ಕಾಲು ಗಂಟೆ ಕತ್ತಲಲ್ಲಿ ಕೂತೆವು, ಒಬ್ಬರೂ ಎದ್ದು ಹೋಗಲಿಲ್ಲ. ಮಾಮೂಲಿಯಾಗಿ ಇಂಥ ಸಿನಿಮಾಗೆ ಬಂದವರು ಕರೆಂಟ್ ಹೋಗುವುದನ್ನೇ ಕಾಯುತ್ತಿರುತ್ತಾರೆ, ನಿಜ ಹೇಳಬೇಕೆಂದರೆ.

ಕಥೆ ಶುರುವಾಗುವುದು ಯುದ್ಧದ ನಡುವೆ ಒಂದು ಮದುವೆಯಿಂದ, ಮೇಲಿಂದ ಬಾಂಬು ಬೀಳುತ್ತಿದೆ, ರಿಜಿಸ್ಟ್ರಾರ್‌ನನ್ನು ನೆಲಕ್ಕೆ ಕೆಡವಿಕೊಂಡು ಸಹಿ ಹಾಕಿಸುತ್ತಾರೆ. ಗಂಡ ಜೊತೆಗಿದ್ದದ್ದು ಅರ್ಧ ದಿನ, ಒಂದು ರಾತ್ರಿ. ಮತ್ತೆ ಯುದ್ಧಕ್ಕೆ. ಯುದ್ಧ ಮುಗಿದ ಮೇಲೆ ಅವಳು ಬೆನ್ನಿಗೆ ಗಂಡನ ಹೆಸರಿನ ಬೋರ್ಡು ಕಟ್ಟಿಕೊಂಡು ರೈಲ್ವೆ ಸ್ಟೇಷನ್ ಸುತ್ತುತ್ತಾಳೆ, ಯಾರಾದರೂ ನೋಡಿದವರಿದ್ದಾರಾ ಅಂತ. ಆಗ ಹೆಂಗಸರು ನಿಜವಾಗಿ ಹಾಗೆ ಹುಡುಕುತ್ತಿದ್ದರು. ಆಮೇಲೆ ಬಾರಿನಲ್ಲಿ ಕೆಲಸ, ಅಮೆರಿಕನ್ ಸೈನಿಕ, ಒಂದು ಕೊಲೆ, ಒಬ್ಬ ಕಾರ್ಖಾನೆ ಮಾಲೀಕ, ದುಡ್ಡು, ದೊಡ್ಡ ಮನೆ. ಅವಳು ಮೇಲೆ ಹೋದ ಹಾಗೆ ಪಶ್ಚಿಮ ಜರ್ಮನಿಯೂ ಮೇಲೆ ಹೋಗುತ್ತದೆ. ಹಿನ್ನೆಲೆಯಲ್ಲಿ ರೇಡಿಯೋ. ಒಂದು ಸಲ ಪಶ್ಚಿಮ ಜರ್ಮನಿಯ ಚಾನ್ಸಲರ್ ಅಡೆನಾವರ್ 'ನಮಗೆ ಸೈನ್ಯ ಬೇಡ' ಅನ್ನುತ್ತಾರೆ, ಇನ್ನೊಂದು ಸಲ 'ಬೇಕು' ಅನ್ನುತ್ತಾರೆ. ಪರದೆ ಮೇಲಿರುವವರು ಯಾರೂ ಅದಕ್ಕೆ ಕಿವಿ ಕೊಡುವುದಿಲ್ಲ. ಕೊನೆಯಲ್ಲಿ 1954ರ ಫುಟ್‌ಬಾಲ್ ವಿಶ್ವಕಪ್ ಫೈನಲ್‌ನ ಕಾಮೆಂಟ್ರಿ ಕೂಗುತ್ತಿರುವಾಗಲೇ ಗ್ಯಾಸ್ ಸ್ಫೋಟ.

ಶಿಗುಲಾ ಇದರಲ್ಲಿ ಮಾಡಿರುವುದು ಏನು ಅಂದರೆ, ಅಳಬೇಕಾದ ಕಡೆ ಅಳುವುದಿಲ್ಲ. ನಾವು ಅಳು ಬರುತ್ತದೆ ಅಂತ ಕಾಯುತ್ತಿರುತ್ತೇವೆ, ಅವಳು ಟೋಪಿ ಸರಿ ಮಾಡಿಕೊಂಡು ಲೆಕ್ಕ ಮಾತಾಡುತ್ತಾಳೆ. ಆ ಪಾತ್ರಕ್ಕೆ ಮೊದಲು ನಟಿ ರೋಮಿ ಶ್ನೈಡರ್ ಹೆಸರು ಓಡಾಡಿತ್ತು. ಅವರು ಮಾಡಿದ್ದರೆ ಸಿನಿಮಾ ತುಂಬ ಕಣ್ಣೀರು ಇರುತ್ತಿತ್ತು ಅಂತ ನನ್ನ ಗುಮಾನಿ, ರೋಮಿ ಅಭಿಮಾನಿಗಳು ಬೈಯಬೇಡಿ. ಶಿಗುಲಾಗೆ ಆ ವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿಗೆ ಕೊಡುವ ಬೆಳ್ಳಿ ಕರಡಿ ಸಿಕ್ಕಿತು.

ಪಾಪ್‌ಕಾರ್ನ್_ಪಮ್ಮಿ:

ರೀ ಪ್ರೊಜೆಕ್ಟರ್ ಸಾರ್, ಶುರು ಮಾಡಲಿಕ್ಕೆ ಸಿನಿಮಾ ಕೇಳಿದರೆ ಕ್ಲೈಮ್ಯಾಕ್ಸ್ ಹೇಳಿ ಮುಗಿಸಿದ್ದೀರಲ್ಲ. ಸ್ಫೋಟ ಅಂತ ಬರೆಯುವ ಮುಂಚೆ ಒಂದು ಎಚ್ಚರಿಕೆ ಹಾಕಬಾರದಾ 😡

ಹಳೇ ಪ್ರೊಜೆಕ್ಟರ್:

40 ವರ್ಷ ದಾಟಿದ ಸಿನಿಮಾಗೆ ಸ್ಪಾಯ್ಲರ್ ಅಂತಾರಾ? ಆದರೂ ತಪ್ಪಾಯ್ತಮ್ಮ. ಸ್ಫೋಟ ಆಕಸ್ಮಿಕವೋ ಬೇಕಂತಲೇ ಮಾಡಿದ್ದೋ ಅನ್ನುವುದು ಸಿನಿಮಾ ನೋಡಿದ ಮೇಲೂ ಗೊತ್ತಾಗುವುದಿಲ್ಲ, ಅಷ್ಟಾದರೂ ನಿಮಗೆ ಉಳಿದಿದೆ.

ಕಟ್‌ಪೀಸ್ ಕಿಟ್ಟಿ:

ನಾನು ಸ್ವಲ್ಪ ಉಲ್ಟಾ ಹೇಳುತ್ತೇನೆ. ಫಾಸ್‌ಬಿಂಡರ್ ಇಲ್ಲದಿದ್ದರೆ ಶಿಗುಲಾ ಯಾರು? ಇಬ್ಬರೂ ಸೇರಿ 20ರ ಆಸುಪಾಸು ಕೆಲಸ ಮಾಡಿದ್ದಾರೆ, ಸಿನಿಮಾ ಟಿವಿ ಎಲ್ಲ ಸೇರಿ. ಜನ ಇವತ್ತಿಗೂ ಮಾತಾಡುವುದು ಅವುಗಳ ಬಗ್ಗೆ ಮಾತ್ರ. ಅವನು 1982ರ ಜೂನ್ 10ಕ್ಕೆ ಸತ್ತ, ವಯಸ್ಸು ಬರೀ 37. ಅದಾದ ಮೇಲೆ ಇವರ ಕೆಲಸ ಅಲ್ಲೊಂದು ಇಲ್ಲೊಂದು. 'ಡೆಲ್ಟಾ ಫೋರ್ಸ್' ನೋಡಿ, 1986. ವಿಡಿಯೋ ಕ್ಯಾಸೆಟ್ ಕಾಲದಲ್ಲಿ ನಾನು ಅದನ್ನು ಹತ್ತು ಸಲ ನೋಡಿದ್ದೇನೆ, ಚಕ್ ನಾರಿಸ್ ಬೈಕಿನಿಂದ ರಾಕೆಟ್ ಬಿಡುವುದಕ್ಕೋಸ್ಕರ. ವಿಮಾನದ ಗಗನಸಖಿ ಯಾರು ಅಂತ ಯಾವನು ನೋಡಿದ? ಬೆಳ್ಳಿ ಕರಡಿ ಗೆದ್ದವರು ಅಲ್ಲಿ ಏನು ಮಾಡುತ್ತಿದ್ದರು?

ಅವರು ಕೆಟ್ಟ ನಟಿ ಅನ್ನುತ್ತಿಲ್ಲ. ಆದರೆ ಕೆಲವು ನಟಿಯರು ಒಬ್ಬ ನಿರ್ದೇಶಕನ ಕಣ್ಣಿನಲ್ಲಿ ಮಾತ್ರ ಹೊಳೆಯುತ್ತಾರೆ, ಅಷ್ಟೇ ನನ್ನ ಮಾತು.

ಇಸಾರ್ ದಂಡೆ:

ಮ್ಯೂನಿಕ್‌ನಿಂದ ಬರೆಯುತ್ತಿದ್ದೇನೆ, ಇಲ್ಲಿಗೆ ಬಂದು 11 ವರ್ಷ ಆಯಿತು. ಸ್ವಲ್ಪ ಉದ್ದ ಆಗುತ್ತದೆ, ಕ್ಷಮಿಸಿ.

ಮೊದಲು ಹುಟ್ಟು. ಕೋನಿಗ್ಸ್‌ಹ್ಯೂಟೆ ಅನ್ನುವ ಊರು, ಮೇಲಿನ ಸೈಲೀಷಿಯಾದಲ್ಲಿ. ಈಗ ಅದು ಪೋಲೆಂಡಿನಲ್ಲಿದೆ, ಹೆಸರು ಖೋಜುವ್. ಹುಟ್ಟಿದ್ದು 1943ರ ಡಿಸೆಂಬರ್ 25. ಯುದ್ಧ ಮುಗಿಯುವ ಹೊತ್ತಿಗೆ ಅಮ್ಮ ಮಗುವನ್ನು ಎತ್ತಿಕೊಂಡು ನಿರಾಶ್ರಿತರಾಗಿ ಮ್ಯೂನಿಕ್‌ಗೆ ಬಂದರು. ಅಪ್ಪ ಯುದ್ಧಕೈದಿ, ವಾಪಸ್ ಬಂದದ್ದು ಕೆಲವು ವರ್ಷ ಆದ ಮೇಲೆ. ಮರಿಯಾ ಬ್ರೌನ್ ಬೆನ್ನಿಗೆ ಬೋರ್ಡು ಕಟ್ಟಿಕೊಂಡು ನಿಂತಿದ್ದನ್ನು ಈಗ ಇನ್ನೊಂದು ಸಲ ನೋಡಿ.

ಓದಿದ್ದು ಭಾಷೆ ಸಾಹಿತ್ಯ, ಟೀಚರ್ ಆಗುವುದು ಅಂತ ಅಂದುಕೊಂಡಿದ್ದರು. ಜೊತೆಗೆ ನಟನೆಯ ಕ್ಲಾಸು. ಅದೇ ಕ್ಲಾಸಿನಲ್ಲಿ ಫಾಸ್‌ಬಿಂಡರ್ ಇದ್ದ. ಅವನಿಗೆ ಬರ್ಲಿನ್ ಫಿಲ್ಮ್ ಸ್ಕೂಲಿನಲ್ಲಿ ಸೀಟೇ ಸಿಗಲಿಲ್ಲ, ಗೊತ್ತಾ? ಮ್ಯೂನಿಕ್‌ನ ಒಂದು ಸಣ್ಣ ನಾಟಕ ತಂಡ ಸೇರಿಕೊಂಡ. ಅಲ್ಲಿ ಗ್ರೀಕ್ ನಾಟಕದ ಆಂಟಿಗೊನೆ ಪಾತ್ರ ಮಾಡುತ್ತಿದ್ದ ನಟಿಗೆ ಗಾಯವಾದಾಗ ಇವರನ್ನು ಕರೆದು ನಿಲ್ಲಿಸಿದ. ಅಲ್ಲಿಂದ ಶುರು. ನಮ್ಮ ಹಳೆಯ ಕಂಪನಿ ನಾಟಕದವರ ಹಾಗೆ ಅಂದುಕೊಳ್ಳಿ, ಒಟ್ಟಿಗೇ ಇರುವುದು, ಜಗಳ, ದುಡ್ಡಿಲ್ಲ, ಇವತ್ತು ನಾಯಕಿ ಆದವಳು ನಾಳೆ ಮೂಲೆಯಲ್ಲಿ ನಿಲ್ಲುವುದು. 1969ರಲ್ಲಿ ಅದೇ ತಂಡ ಸಿನಿಮಾಕ್ಕೆ ಬಂತು. ಆ ವರ್ಷದ 'ಕಾಟ್ಸೆಲ್‌ಮಾಕರ್' ಅನ್ನು ಒಂಬತ್ತೇ ದಿನದಲ್ಲಿ ಶೂಟಿಂಗ್ ಮುಗಿಸಿದ್ದರು.

ಈಗ ಕಿಟ್ಟಿಯವರಿಗೆ. ಫಾಸ್‌ಬಿಂಡರ್ ಕಣ್ಣಿನಲ್ಲಿ ಮಾತ್ರ ಹೊಳೆದರು ಅಂತೀರಲ್ಲ, ಆ ಕಣ್ಣಿನಿಂದ ಅವರೇ ಎದ್ದು ಹೊರಗೆ ಹೋದರು, ಅದೂ ಮೇಲೆ ಬರುತ್ತಿದ್ದ ಹೊತ್ತಿನಲ್ಲಿ. 'ಎಫಿ ಬ್ರೀಸ್ಟ್' ಮಾಡುವಾಗ. ಫಾಂಟಾನೆಯ ಕಾದಂಬರಿ, ಇಲ್ಲಿ ಶಾಲೆಯಲ್ಲಿ ಓದಿಸುತ್ತಾರೆ. 17ರ ಹುಡುಗಿಯನ್ನು ಬಹಳ ದೊಡ್ಡವನೊಬ್ಬನಿಗೆ ಮದುವೆ ಮಾಡಿಕೊಡುತ್ತಾರೆ, ಮುಂದೆ ಆಗುವುದೆಲ್ಲ ಆಗುತ್ತದೆ. ಆ ಹುಡುಗಿ ಹೇಗಿರಬೇಕು ಅನ್ನುವುದರ ಮೇಲೆ ಇಬ್ಬರಿಗೂ ಆಗಿಬರಲಿಲ್ಲ. ಅದಕ್ಕಿಂತ ಜಾಸ್ತಿ, ಸಂಬಳ. ತಂಡದಲ್ಲಿ ಎಲ್ಲರಿಗೂ ಚಿಲ್ಲರೆ ಕಾಸು ಕೊಡುತ್ತಿದ್ದ, ಅದರ ವಿರುದ್ಧ ಎದ್ದು ನಿಂತವರಲ್ಲಿ ಇವರು ಮುಂದಿದ್ದರು. ಆ ಸಿನಿಮಾ ತೆರೆಗೆ ಬಂದದ್ದು 1974ರಲ್ಲಿ, ಆಮೇಲೆ ಮರಿಯಾ ಬ್ರೌನ್‌ವರೆಗೆ ಇಬ್ಬರೂ ಒಟ್ಟಿಗೆ ಸಿನಿಮಾ ಮಾಡಲಿಲ್ಲ. ನಡುವೆ 1975ರಲ್ಲಿ ವೆಂಡರ್ಸ್ ಜೊತೆ ಒಂದು ಮಾಡಿದರು. ಅವನು ಮತ್ತೆ ಕರೆದಾಗ ವಾಪಸ್ ಬಂದವರು ಅವನ ಹಳೆಯ ತಂಡದ ಹುಡುಗಿ ಅಲ್ಲ. ಆ ನಾಲ್ಕೈದು ವರ್ಷ ದೂರ ಇದ್ದದ್ದೇ ಮರಿಯಾ ಬ್ರೌನ್ ಮುಖದಲ್ಲಿ ಕಾಣುವುದು ಅಂತ ನನಗೆ ಅನ್ನಿಸುತ್ತದೆ. ತನ್ನ ಬೆಲೆ ತನಗೆ ಗೊತ್ತಿರುವ ಹೆಂಗಸು ಅವಳು.

ಟಿವಿ ಬಗ್ಗೆ ಬೇರೆ ಬರೆಯುತ್ತೇನೆ, ಒಲೆ ಮೇಲೆ ಸಾರು ಇದೆ.

ಅರ್ಧಟಿಕೆಟ್:

ಅಬ್ಬಾ! ಇಷ್ಟು ಉತ್ತರ ಬರುತ್ತದೆ ಅಂದುಕೊಂಡಿರಲಿಲ್ಲ. ಮೇಡಂ, ಸಾರು ಇಳಿಸಿ ಟಿವಿ ಬಗ್ಗೆ ಖಂಡಿತ ಬರೆಯಿರಿ. ನನಗೆ ಸೀರಿಯಲ್ ಅಂದರೆ ಸಂಜೆ ಅಮ್ಮ ನೋಡುವುದೇ ಕಣ್ಣಿಗೆ ಬರುತ್ತದೆ.

ಇಸಾರ್ ದಂಡೆ:

ನಿಮ್ಮ ಅಮ್ಮನಿಗೂ ಇಷ್ಟ ಆಗಬಹುದು, ತಮಾಷೆ ಮಾಡುತ್ತಿಲ್ಲ.

1972, 73ರಲ್ಲಿ ಕಲೋನ್‌ನ ಡಬ್ಲ್ಯೂಡಿಆರ್ ಅನ್ನುವ ಸಾರ್ವಜನಿಕ ಟಿವಿಗೆ ಫಾಸ್‌ಬಿಂಡರ್ ಒಂದು ಧಾರಾವಾಹಿ ಮಾಡಿದ. ಹೆಸರನ್ನು ಕನ್ನಡದಲ್ಲಿ ಹೇಳಿದರೆ 'ಎಂಟು ಗಂಟೆ ಸೇರಿದರೆ ಒಂದು ದಿನವಲ್ಲ'. ಐದು ಕಂತು, ಒಂದೊಂದೂ ಒಂದು ಸಿನಿಮಾದಷ್ಟು ಉದ್ದ. ಆಗ ಇಲ್ಲಿ ಟಿವಿಯ ಸಂಸಾರದ ಕಥೆ ಅಂದರೆ ಮಧ್ಯಮ ವರ್ಗದ ಮನೆಯ ಹಾಲಿನಲ್ಲಿ ಶುರುವಾಗಿ ಅಲ್ಲೇ ಮುಗಿಯುತ್ತಿತ್ತು. ಇದು ಕಾರ್ಖಾನೆ ಕೆಲಸಗಾರರ ಮನೆ. ಎಂಟು ಗಂಟೆ ಪಾಳಿ ಮುಗಿದ ಮೇಲೆ ಉಳಿದ ಹದಿನಾರು ಗಂಟೆ ಏನಾಗುತ್ತದೆ, ಬಾಡಿಗೆ, ಬೋನಸ್, ಫೋರ್ಮನ್ ಯಾರಾಗಬೇಕು, ಅಜ್ಜಿ ಎಲ್ಲಿರಬೇಕು, ಇಂಥದ್ದೆಲ್ಲ.

ಶಿಗುಲಾ ಅದರಲ್ಲಿ ಮರಿಯೋನ್. ಪತ್ರಿಕೆ ಕಚೇರಿಯ ಜಾಹೀರಾತು ವಿಭಾಗದಲ್ಲಿ ಕೆಲಸ. ಅಜ್ಜಿಯ ಹುಟ್ಟುಹಬ್ಬದ ದಿನ ಮನೆಯಿಂದ ಹೊರಗೆ ಬಂದ ಯೋಹೆನ್, ರಸ್ತೆ ಬದಿಯ ಕಾಸು ಹಾಕುವ ಮಿಷನ್ ಹತ್ತಿರ ಇವಳನ್ನು ನೋಡುತ್ತಾನೆ. ಅವಳು ಉಪ್ಪಿನಲ್ಲಿ ಹಾಕಿದ ಸೌತೆಕಾಯಿಗೆ ಆ ಮಿಷನ್ ಜೊತೆ ಗುದ್ದಾಡುತ್ತಿರುತ್ತಾಳೆ. ಪ್ರೇಮ ಕಥೆ ಶುರು! ಫಾಸ್‌ಬಿಂಡರ್ ಸಿನಿಮಾದಲ್ಲಿ ಜನ ಒಬ್ಬರನ್ನೊಬ್ಬರು ಪ್ರೀತಿಸಿ ಬದುಕಿ ಉಳಿಯುವುದು ಅಪರೂಪ, ಇಲ್ಲಿ ಎಲ್ಲರೂ ನಗುತ್ತಾ ಜಗಳ ಆಡಿ ಕೆಲಸ ಸಾಧಿಸಿಕೊಳ್ಳುತ್ತಾರೆ. ಮರಿಯೋನ್ ಪ್ರಶ್ನೆ ಕೇಳುವವಳು. ಯೋಹೆನ್ ಕಾರ್ಖಾನೆಯ ತೊಂದರೆ ಹೇಳಿಕೊಂಡರೆ 'ಯಾಕೆ ಹಾಗೆ?' ಅನ್ನುತ್ತಾಳೆ, ಅಷ್ಟೇ. ಅವನ ತಲೆ ಓಡತೊಡಗುತ್ತದೆ. ಶಿಗುಲಾ ಅದನ್ನು ಎಷ್ಟು ಹಗುರವಾಗಿ ಮಾಡುತ್ತಾರೆ ಅಂದರೆ ಪಾಠ ಹೇಳಿದ ಹಾಗೆ ಅನ್ನಿಸುವುದೇ ಇಲ್ಲ.

ಎಂಟು ಕಂತು ಅಂತ ಯೋಜನೆ ಇತ್ತು, ಐದಕ್ಕೆ ನಿಲ್ಲಿಸಿದರು. ನಿಜವಾದ ಕೆಲಸಗಾರರು ಹೀಗಿರುವುದಿಲ್ಲ ಅಂತ ಒಂದಷ್ಟು ಜನ ಗಲಾಟೆ ಮಾಡಿದ್ದರು. ನಮ್ಮ ಮಹಡಿಯಲ್ಲಿ ಒಬ್ಬ ಅಜ್ಜಿ ಇದ್ದಾರೆ, ಅವರಿಗೆ ನಾನು ಶಿಗುಲಾ ಅಂದರೆ ಮರಿಯಾ ಬ್ರೌನ್ ನೆನಪಾಗುವುದೇ ಇಲ್ಲ. 'ಓ, ನಮ್ಮ ಮರಿಯೋನ್!' ಅನ್ನುತ್ತಾರೆ, ಪಕ್ಕದ ಬೀದಿ ಹುಡುಗಿ ಎನ್ನುವ ಹಾಗೆ. ನಮಗೆಲ್ಲ ಚಿತ್ರೋತ್ಸವದ ನಟಿ, ಅವರಿಗೆ ಮನೆಯ ಟಿವಿಯಲ್ಲಿ ಬಂದ ಹುಡುಗಿ. ಸೀರಿಯಲ್ ಅನ್ನು ಹೊಸದಾಗಿ ಶುದ್ಧ ಮಾಡಿ 2017ರಲ್ಲಿ ಬರ್ಲಿನ್ ಉತ್ಸವದಲ್ಲಿ ತೋರಿಸಿದರು, ಈಗ ಇಂಗ್ಲಿಷ್ ಸಬ್‌ಟೈಟಲ್ ಜೊತೆ ಸಿಗುತ್ತದೆ.

ಇನ್ನೊಂದು 'ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್', 1980. ಡೋಬ್ಲಿನ್ ಕಾದಂಬರಿ. 13 ಕಂತು, ಮೇಲೊಂದು ಉಪಸಂಹಾರ, ಒಟ್ಟು 15 ಗಂಟೆಗಿಂತ ಜಾಸ್ತಿ. ಚಿತ್ರ ಎಷ್ಟು ಕತ್ತಲು ಅಂದರೆ ಜನ ಟಿವಿ ಕೆಟ್ಟಿದೆ ಅಂದುಕೊಂಡರಂತೆ. ಗಮನಿಸಬೇಕಾದ್ದು ಇದು: ಬೆಳ್ಳಿ ಕರಡಿ ಗೆದ್ದ ಮೇಲೆ ಶಿಗುಲಾ ಇದರಲ್ಲಿ ಮಾಡಿದ್ದು ನಾಯಕಿಯ ಪಾತ್ರವಲ್ಲ. ನಾಯಕಿ ಮೀಟ್ಸೆಯ ಪಾತ್ರ ಬಾರ್ಬರಾ ಸುಕೋವಾಗೆ ಹೋಯಿತು. ಇವರು ಎವಾ, ಕಥಾನಾಯಕ ಫ್ರಾಂಜ್‌ನ ಹಳೆಯ ಗೆಳತಿ, ಆಗಾಗ ಬಂದು ಅವನು ಬದುಕಿದ್ದಾನಾ ನೋಡಿ ಹೋಗುವವಳು. ಅವಳು ಬಂದಾಗ ಮಾತ್ರ ಆ ಕತ್ತಲೆ ಕೋಣೆಯಲ್ಲಿ ಕಿಟಕಿ ತೆಗೆದ ಹಾಗಿರುತ್ತದೆ. ಇದನ್ನು ಮೊದಲು ನೋಡಲು ಹೋಗಬೇಡಿ, ಮಧ್ಯದಲ್ಲಿ ಬಿಟ್ಟು ಓಡುತ್ತೀರಿ. ನಾನೇ ಎರಡು ಸಲ ಓಡಿದ್ದೆ.

ಕಟ್‌ಪೀಸ್ ಕಿಟ್ಟಿ:

ಸಂಬಳದ ಜಗಳ ಗೊತ್ತಿರಲಿಲ್ಲ, ಅದಕ್ಕೆ ಒಂದು ಅಂಕ ಕೊಟ್ಟೆ. ಆದರೆ ನೀವು ಹೇಳಿದ್ದೆಲ್ಲ ಮತ್ತೆ ಅವನದೇ ಕೆಲಸ ಅಲ್ವಾ ಮೇಡಂ? 1982ರ ಆಚೆ ಒಂದು ತೋರಿಸಿ. ಒಂದೇ ಒಂದು.

ಹಳೇ ಪ್ರೊಜೆಕ್ಟರ್:

ನಾನು ತೋರಿಸುತ್ತೇನೆ. 1983, ಮಾರ್ಕೊ ಫೆರೇರಿಯ 'ಪಿಯೆರಾಳ ಕಥೆ', ಇಟಲಿಯದು. ಇವರು ಅಮ್ಮ, ಇಸಬೆಲ್ ಹುಪೆರ್ ಮಗಳು, ಮಾಸ್ಟ್ರೊಯಾನಿ ಅಪ್ಪ. ವಯಸ್ಸಿನಲ್ಲಿ ಇವರಿಗೂ ಹುಪೆರ್‌ಗೂ ಹತ್ತು ವರ್ಷವೂ ಅಂತರ ಇಲ್ಲ, ಆದರೂ ನಂಬುತ್ತೀರಿ. ಕಟ್ಟುಪಾಡು ಇಲ್ಲದ, ಸ್ವಲ್ಪ ಹುಚ್ಚು ಹಿಡಿದ ಅಮ್ಮ. ಅದಕ್ಕೆ ಕಾನ್ ಉತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು. ಫಾಸ್‌ಬಿಂಡರ್ ಸತ್ತು ವರ್ಷ ತುಂಬಿರಲಿಲ್ಲ. ಅದೇ ಹೊತ್ತಿನಲ್ಲಿ ಗೊಡಾರ್, ಸ್ಕೋಲಾ, ವೈದಾ, ಮಾರ್ಗರೆಟೆ ಫಾನ್ ಟ್ರೊಟ್ಟಾ. ಫ್ರೆಂಚ್, ಇಟಾಲಿಯನ್ ಸಿನಿಮಾದವರೆಲ್ಲ ಕರೆಯುತ್ತಿದ್ದರು. ಅವರು ವಾಸಕ್ಕೂ ಪ್ಯಾರಿಸ್‌ಗೆ ಹೋಗಿಬಿಟ್ಟಿದ್ದರು.

ಮತ್ತೆ ನಿಮ್ಮ 'ಡೆಲ್ಟಾ ಫೋರ್ಸ್'. ಹತ್ತು ಸಲ ನೋಡಿದ್ದೀರಿ, ಹನ್ನೊಂದನೇ ಸಲ ಬೈಕ್ ಬಿಟ್ಟು ಗಗನಸಖಿಯನ್ನು ನೋಡಿ. 1985ರಲ್ಲಿ ನಡೆದ ಟಿಡಬ್ಲ್ಯೂಎ ವಿಮಾನದ ಅಪಹರಣವನ್ನು ಇಟ್ಟುಕೊಂಡು ಮಾಡಿದ ಸಿನಿಮಾ ಅದು. ಅಪಹರಣಕಾರರು ಅವಳ ಕೈಗೆ ಪಾಸ್‌ಪೋರ್ಟ್ ಕೊಟ್ಟು ಯಹೂದಿ ಹೆಸರು ಯಾವುದು ಹೇಳು ಅನ್ನುತ್ತಾರೆ. ಅವಳು ಆಗಲ್ಲ ಅನ್ನುತ್ತಾಳೆ, ಯಾಕೆಂದರೆ ತಾನು ಜರ್ಮನ್. ಗುಂಡು, ರಾಕೆಟ್ ತುಂಬಿದ ಸಿನಿಮಾದಲ್ಲಿ ಆ ಒಂದು ನಿಮಿಷ ಬೇರೆ ಯಾವುದೋ ಸಿನಿಮಾದಿಂದ ಬಂದ ಹಾಗಿದೆ. 1943ರಲ್ಲಿ ಹುಟ್ಟಿದ ಜರ್ಮನ್ ಹೆಂಗಸು ಆ ಮಾತು ಹೇಳುವುದಕ್ಕೂ ಬೇರೆಯವರು ಹೇಳುವುದಕ್ಕೂ ವ್ಯತ್ಯಾಸ ಇದೆ ಅಲ್ವಾ?

ಕಟ್‌ಪೀಸ್ ಕಿಟ್ಟಿ:

ಆ ಸೀನ್ ನೆನಪಿದೆ ಸಾರ್! ಅದು ಇವರೇನಾ?? ನಾನು ಆಗ ಮುಂದಕ್ಕೆ ಓಡಿಸುತ್ತಿದ್ದೆ, ಬೈಕ್ ಬರಲಿ ಅಂತ 🙈

ಇಸಾರ್ ದಂಡೆ:

ನನ್ನದೂ ಒಂದು ಸೇರಿಸಿಕೊಳ್ಳಿ, ಇದನ್ನು ಹೇಳದೆ ನಿದ್ದೆ ಬರುವುದಿಲ್ಲ. 2007, ಫಾತಿಹ್ ಅಕಿನ್ ಅವರ 'ಆಚೆ ದಂಡೆಯಲ್ಲಿ'. ಅಕಿನ್ ಹ್ಯಾಂಬರ್ಗ್‌ನಲ್ಲಿ ಹುಟ್ಟಿದ ಟರ್ಕಿ ಮೂಲದವರು. ಶಿಗುಲಾ ಇದರಲ್ಲಿ ಸೂಸಾನೆ, ಜರ್ಮನ್ ಅಮ್ಮ. ಮಗಳು ಒಬ್ಬ ಟರ್ಕಿ ಹುಡುಗಿಯನ್ನು ಮನೆಗೆ ಕರೆತಂದಾಗ ಅಡುಗೆಮನೆಯಲ್ಲಿ ಚೆರ್ರಿ ಹಣ್ಣಿನ ಕೆಲಸ ಮಾಡುತ್ತಾ ಸಿಡಿಮಿಡಿ ಅನ್ನುವ ಅಮ್ಮ. ಪಮ್ಮಿಯವರೇ, ಇಲ್ಲಿಂದ ಮುಂದಿನ ಸಾಲು ಬಿಟ್ಟುಬಿಡಿ. ಮಗಳು ಇಸ್ತಾನ್‌ಬುಲ್‌ನಲ್ಲಿ ಸಾಯುತ್ತಾಳೆ. ಅಮ್ಮ ಅಲ್ಲಿಗೆ ಹೋಗಿ ಹೋಟೆಲ್ ರೂಮಿನಲ್ಲಿ ಒಬ್ಬರೇ ಇರುತ್ತಾರೆ. ಕ್ಯಾಮೆರಾ ಮೂಲೆಯಲ್ಲಿ ಮೇಲಿನಿಂದ ನೋಡುತ್ತದೆ, ಹತ್ತಿರ ಬರುವುದೇ ಇಲ್ಲ. ಮರಿಯಾ ಬ್ರೌನ್ ಅಳಲಿಲ್ಲ ಅಂದರಲ್ಲ ಪ್ರೊಜೆಕ್ಟರ್ ಸಾರ್, ಬಾಕಿ ಉಳಿದದ್ದನ್ನೆಲ್ಲ ಇಲ್ಲಿ ಅತ್ತುಬಿಡುತ್ತಾರೆ. ನೆಲದ ಮೇಲೆ ಬಿದ್ದು, ಗೋಡೆ ಹಿಡಿದು. ಮಾರನೇ ದಿನ ಎದ್ದು ಮುಖ ತೊಳೆದು, ಆ ಟರ್ಕಿ ಹುಡುಗಿಯನ್ನು ನೋಡಲು ಜೈಲಿಗೆ ಹೋಗುತ್ತಾರೆ. ನಾನು ಊರಿನಿಂದ ದೂರ ಇರುವವಳು, ಅಮ್ಮ ಅಲ್ಲಿ, ನಾನು ಇಲ್ಲಿ. ಆ ಸಿನಿಮಾ ಮುಗಿದ ತಕ್ಷಣ, ಅಲ್ಲಿ ಬೆಳಗಿನ ಜಾವ ಅನ್ನುವುದನ್ನೂ ಮರೆತು ಫೋನ್ ಮಾಡಿದ್ದೆ. ಬೈಸಿಕೊಂಡೆ.

ಬರ್ಲಿನ್ ಉತ್ಸವದವರು 2010ರಲ್ಲಿ ಇವರಿಗೆ ಗೌರವದ ಚಿನ್ನದ ಕರಡಿ ಕೊಟ್ಟರು. ಬೆಳ್ಳಿಯಿಂದ ಚಿನ್ನಕ್ಕೆ 31 ವರ್ಷ.

ಹಳೇ ಪ್ರೊಜೆಕ್ಟರ್:

ಇನ್ನೊಂದು ಮಜಾ ಇದೆ. 1972ರಲ್ಲಿ 'ಪೆಟ್ರಾ ಫಾನ್ ಕಾಂಟ್‌ಳ ಕಹಿ ಕಣ್ಣೀರು' ಅಂತ ಫಾಸ್‌ಬಿಂಡರ್ ಮಾಡಿದ್ದ, ಇಡೀ ಸಿನಿಮಾ ಒಂದೇ ಮನೆಯಲ್ಲಿ, ಎಲ್ಲರೂ ಹೆಂಗಸರು. ಶಿಗುಲಾ ಅದರಲ್ಲಿ ಕಾರಿನ್, ದೊಡ್ಡ ಡ್ರೆಸ್ ಡಿಸೈನರ್‌ಳ ಎದೆ ಒಡೆದು ಹೋಗುವ ಹುಡುಗಿ. ಸರಿಯಾಗಿ 50 ವರ್ಷ ಬಿಟ್ಟು, 2022ರಲ್ಲಿ, ಫ್ರಾನ್ಸಿನ ಫ್ರಾಂಸ್ವಾ ಒಜೋನ್ ಅದನ್ನೇ ತಿರುಗಿಸಿ ನಾಯಕನನ್ನು ಗಂಡಸು ಮಾಡಿ 'ಪೀಟರ್ ಫಾನ್ ಕಾಂಟ್' ತೆಗೆದರು. ಅದರಲ್ಲಿ ಶಿಗುಲಾ ನಾಯಕನ ಅಮ್ಮ. ಎದೆ ಒಡೆದ ಹುಡುಗಿಯೇ ಬಂದು ಮಗನ ತಲೆ ಸವರುವುದು. ಎರಡನ್ನೂ ಒಂದೇ ವಾರದಲ್ಲಿ ನೋಡಿ, ಮೊದಲು ಹಳೆಯದು.

ಪಾಪ್‌ಕಾರ್ನ್_ಪಮ್ಮಿ:

ಆ ಸಾಲನ್ನೂ ಓದಿಬಿಟ್ಟೆ 😭 ಇರಲಿ, ನೋಡುತ್ತೇನೆ.

ಅರ್ಧಟಿಕೆಟ್:

ಒಂದು ವಾರದ ಮೇಲೆ ವರದಿ. ಮರಿಯಾ ಬ್ರೌನ್ ನೋಡಿದೆ. ಸ್ಫೋಟ ಗೊತ್ತಿದ್ದೂ ಬೆಚ್ಚಿಬಿದ್ದೆ. ಬೇಕಂತಲೇ ಮಾಡಿದ್ದು ಅಂತ ನನ್ನ ಮತ, ಅಷ್ಟು ಲೆಕ್ಕ ಇಟ್ಟವಳು ಗ್ಯಾಸ್ ಮರೆಯುತ್ತಾಳಾ?

ಆಮೇಲೆ ನಿನ್ನೆ ಭಾನುವಾರ ಸೀರಿಯಲ್‌ನ ಮೊದಲ ಕಂತು ಹಾಕಿದೆ. ಅಮ್ಮ ಸೊಪ್ಪು ಬಿಡಿಸುತ್ತಾ ಪಕ್ಕದಲ್ಲಿ ಕೂತರು, ನಾನು ಸಬ್‌ಟೈಟಲ್ ಓದಿ ಹೇಳುತ್ತಾ ಹೋದೆ. ಸೌತೆಕಾಯಿ ಮಿಷನ್ ಬಂದಾಗ ಅಮ್ಮ 'ಅಯ್ಯೋ, ಅದಕ್ಕೆ ಒಂದು ಗುದ್ದು ಕೊಡೇ' ಅಂದರು. ಮುಗಿದ ಮೇಲೆ ನನಗೆ ಶಿಗುಲಾ ಬಗ್ಗೆ ಮಾತಾಡಬೇಕು ಅಂತ ಆಸೆ, ಅಮ್ಮನಿಗೆ ಆ ಮನೆಯ ಅಜ್ಜಿ ಮುಂದೆ ಏನು ಮಾಡುತ್ತಾಳೆ ಅನ್ನುವುದೇ ಚಿಂತೆ.

ಇಸಾರ್ ದಂಡೆ:

ಎರಡನೇ ಕಂತು ಪೂರ್ತಿ ಅಜ್ಜಿಯದೇ ಅಂತ ಹೇಳಿ! ಖಾಲಿ ಬಿದ್ದ ಲೈಬ್ರರಿಯಲ್ಲಿ ಯಾರನ್ನೂ ಕೇಳದೆ ಶಿಶುವಿಹಾರ ಶುರು ಮಾಡುತ್ತಾಳೆ. ಸೊಪ್ಪು ಜಾಸ್ತಿ ತಂದಿಟ್ಟುಕೊಳ್ಳಿ, ಒಂದೂವರೆ ಗಂಟೆ ಮೇಲಿದೆ.